ನೀರುಗಂಟಿಯ ಬ್ರಿಕ್ಸ್

ನಮ್ಮೂರಿನಲ್ಲಿ ಬ್ರಿಕ್ಸ್ ಅಂದರೇನು ಎಂದು ಕೇಳಿದರೆ ಯಾರೂ ಬಾಯಲ್ಲಿ ಹೇಳುವುದಿಲ್ಲ. ಒಂದು ಕಣ್ಣು ಮುಚ್ಚಿ, ಬಲಗೈ ಮುಷ್ಟಿಯನ್ನು ಇನ್ನೊಂದು ಕಣ್ಣಿಗೆ ಒತ್ತಿಕೊಂಡು, ಮುಖವನ್ನು ಬೆಳಕಿನ ಕಡೆ ಎತ್ತಿ ತೋರಿಸುತ್ತಾರೆ. ಅದು ವೆಂಕಟರವಣಪ್ಪ ನಿಲ್ಲುತ್ತಿದ್ದ ರೀತಿ. ಅವನು ಸತ್ತು ವರ್ಷ ಕಳೆಯಿತು. ಮಕ್ಕಳು ಆಟಕ್ಕೂ ಹಾಗೆ ನಿಲ್ಲುತ್ತಾರೆ, ಯಾರನ್ನು ಅಣಕಿಸುತ್ತಿದ್ದೇವೆ ಎಂದು ಗೊತ್ತಿಲ್ಲದೆ.

ಮುದ್ದೇನಹಳ್ಳಿಯಿಂದ ಮೂರು ಮೈಲಿ ಒಳಗೆ ನಮ್ಮೂರು. ವೆಂಕಟರವಣಪ್ಪನದು ಕೆರೆಯ ನೀರುಗಂಟಿ ಮನೆತನ. ತೂಬು ಎತ್ತುವುದು, ಸರದಿಯ ಪ್ರಕಾರ ಗದ್ದೆಗಳಿಗೆ ನೀರು ಬಿಡುವುದು ಅವರ ಅಪ್ಪ, ತಾತ ಮಾಡಿಕೊಂಡು ಬಂದ ಕೆಲಸ. ಆ ಕೆಲಸಕ್ಕೆ ಎರಡು ಕಟ್ಟುಪಾಡು ಇತ್ತು. ನೀರುಗಂಟಿಯ ಗದ್ದೆಗೂ ಅವನ ನೆಂಟರ ಗದ್ದೆಗೂ ಎಲ್ಲರದೂ ಆದ ಮೇಲೆ ಕೊನೆಗೆ ನೀರು. ಮತ್ತೆ, ನೀರು ಬಿಡುವ ದಿನ ಯಾವ ಗದ್ದೆಯವನ ಕೈಯಿಂದಲೂ ಅವನು ಒಂದು ಲೋಟ ಮಜ್ಜಿಗೆಯನ್ನೂ ಮುಟ್ಟಬಾರದು. ಮುಟ್ಟಿದರೆ ಆ ಗದ್ದೆಗೆ ಒಂದು ಗೇಣು ನೀರು ಜಾಸ್ತಿ ಹೋಯಿತು ಎಂದು ಊರು ಮಾತಾಡುತ್ತದೆ.

ಕೆರೆ ಒಣಗಿತು. ತೂಬು ತುಕ್ಕು ಹಿಡಿಯಿತು. ಪಂಚಾಯಿತಿ ಬೋರ್‌ವೆಲ್ ಕೊರೆಸಿ, ಬೀದಿಗಳಿಗೆ ಪೈಪು ಹಾಕಿ, ವಾಲ್ವು ತಿರುಗಿಸುವ ಕೆಲಸಕ್ಕೆ ವೆಂಕಟರವಣಪ್ಪನನ್ನೇ ಇಟ್ಟುಕೊಂಡಿತು. ಹೆಸರು ಮಾತ್ರ ವಾಟರ್‌ಮ್ಯಾನ್ ಎಂದಾಯಿತು. ಅವನು ಹಳೆಯ ಕಟ್ಟು ಬಿಡಲಿಲ್ಲ. ತನ್ನ ಬೀದಿಗೆ ಕೊನೆಗೇ ನೀರು. ಅವನ ಹೆಂಡತಿ ಕದಿರಮ್ಮ ನಲ್ಲಿಯ ಮುಂದೆ ಕೂತು ಹೋಗುವವರನ್ನೆಲ್ಲ ಕರೆದು ಹೇಳುತ್ತಿದ್ದಳು: "ನೋಡ್ರಮ್ಮ, ಇಡೀ ಊರಿಗೆ ನೀರು ಬಿಡೋನ ಹೆಂಡ್ತಿ ಖಾಲಿ ಬಿಂದಿಗೆ ಇಟ್ಕೊಂಡು ಕೂತವಳೆ."

ಬ್ರಿಕ್ಸ್ ಊರಿಗೆ ಬಂದದ್ದು ದ್ರಾಕ್ಷಿಯ ಜೊತೆ. ನಮ್ಮ ಕಡೆಯದು ಬೆಂಗಳೂರು ಬ್ಲೂ, ದಪ್ಪ ಸಿಪ್ಪೆಯ ನೀಲಿ ಹಣ್ಣು. ಅದನ್ನು ಕೊಳ್ಳಲು ಒಂದು ಜ್ಯೂಸ್ ಕಂಪನಿ ಬರುತ್ತಿತ್ತು. ಕಂಪನಿಯ ಮನುಷ್ಯ ಜೇಬಿನಿಂದ ಗೇಣುದ್ದದ ಕೊಳವೆಯಂಥದ್ದನ್ನು ತೆಗೆಯುತ್ತಿದ್ದ. ಅದರ ತುದಿಯ ಗಾಜಿನ ಮೇಲೆ ಎರಡು ಹನಿ ರಸ ಹಿಂಡಿ, ಮುಚ್ಚಿ, ಕಣ್ಣಿಗೆ ಹಿಡಿದು, ಹದಿನಾಲ್ಕು ಬ್ರಿಕ್ಸ್ ಎನ್ನುತ್ತಿದ್ದ. ಹದಿನೈದಕ್ಕೆ ಕಡಿಮೆ ಇದ್ದರೆ ಟೆಂಪೊ ವಾಪಸ್ಸು. ನಮಗೂ ತೋರಿಸಪ್ಪ ಎಂದರೆ ಇದು ಕಂಪನಿ ಸಾಮಾನು, ಮುಟ್ಟಬಾರದು ಎನ್ನುತ್ತಿದ್ದ. ಹಸಿರು ಟವೆಲ್ಲು ಹಾಕಿಕೊಂಡು ಇಪ್ಪತ್ತು ವರ್ಷ ರಸ್ತೆಯಲ್ಲಿ ಕೂತವನು ನಾನು. ನಮ್ಮ ಹಣ್ಣಿನ ಯೋಗ್ಯತೆ ನಮಗೆ ಕಾಣದ ಕೊಳವೆಯೊಳಗಿದೆ ಎಂದರೆ ಸುಮ್ಮನಿರಲು ಆಗಲಿಲ್ಲ.

೨೦೧೩ರಲ್ಲಿ ಕಂಪನಿಯ ಗೇಟಿನ ಮುಂದೆ ಒಂಬತ್ತು ದಿನ ಕೂತೆವು. ಹತ್ತನೆಯ ದಿನ ಒಪ್ಪಂದವಾಯಿತು. ಕಣ್ಣಿಗಿಡುವ ಗಾಜು ನಮ್ಮ ದ್ರಾಕ್ಷಿ ಬೆಳೆಗಾರರ ಸಂಘದ್ದು. ಓದುವವನು ಊರಿನವನು. ಅವನು ಓದಿದ್ದನ್ನು ಕಂಪನಿಯೂ ಒಪ್ಪಬೇಕು, ಬೆಳೆದವನೂ ಒಪ್ಪಬೇಕು, ಯಾರೂ ಎರಡನೆಯ ಮಾತು ಎತ್ತುವಂತಿಲ್ಲ. ಓದುವವನು ಯಾರು ಎಂದು ಕೇಳಿದಾಗ ನಲವತ್ತು ಮನೆಯವರೂ ಒಂದೇ ಹೆಸರು ಹೇಳಿದರು. ನಮ್ಮ ಸಂಘದಲ್ಲಿ ಜಗಳವಿಲ್ಲದೆ ತೀರ್ಮಾನವಾದದ್ದು ಅದೊಂದೇ.

ಬ್ರಿಕ್ಸ್ ಅನ್ನುವುದು ಯಾರೋ ಜರ್ಮನಿಯವನ ಹೆಸರು. ನೂರು ಗ್ರಾಂ ರಸದಲ್ಲಿ ಎಷ್ಟು ಗ್ರಾಂ ಸಕ್ಕರೆ ಕರಗಿದೆಯೋ ಅಷ್ಟು ಬ್ರಿಕ್ಸ್, ಪುಸ್ತಕದಲ್ಲಿ ಹಾಗಿದೆ. ಆದರೆ ಗಾಜಿಗೆ ನಾಲಿಗೆ ಇಲ್ಲ. ರಸವನ್ನು ಹಾದು ಬರುವ ಬೆಳಕು ಎಷ್ಟು ಬಾಗುತ್ತದೆ ಎಂಬುದಷ್ಟೇ ಅದಕ್ಕೆ ಗೊತ್ತು. ಸಕ್ಕರೆ ಕರಗಿದ್ದರೂ ಬೆಳಕು ಬಾಗುತ್ತದೆ, ಹುಳಿ ಕರಗಿದ್ದರೂ ಬಾಗುತ್ತದೆ, ಉಪ್ಪು ಕರಗಿದ್ದರೂ ಬಾಗುತ್ತದೆ. ಕಬ್ಬಿನ ಸಕ್ಕರೆಯ ನೀರಿಗೆಂದು ಕಟ್ಟಿದ ಅಳತೆಯನ್ನು ದ್ರಾಕ್ಷಿಗೂ ಮಾವಿಗೂ ಟೊಮೇಟೊಗೂ ಹಿಡಿಯುತ್ತಾರೆ. ಇದೆಲ್ಲ ನಮಗೆ ಆಮೇಲೆ ತಿಳಿದದ್ದು. ಆಗ ತಿಳಿದಿದ್ದು ಇಷ್ಟೇ: ಕಣ್ಣಿಟ್ಟರೆ ಒಳಗೆ ಒಂದು ದುಂಡು ಕಾಣುತ್ತದೆ, ಮೇಲೆ ನೀಲಿ, ಕೆಳಗೆ ಬಿಳಿ, ಪಕ್ಕದಲ್ಲಿ ಗೆರೆಗಳು. ನೀಲಿ ಬಿಳಿ ಸೇರುವ ಜಾಗ ಯಾವ ಗೆರೆಯ ಮೇಲಿದೆಯೋ ಅದು ಬ್ರಿಕ್ಸು. ಒಂದು ಬ್ರಿಕ್ಸಿಗೆ ಐದು ಗೆರೆ.

ವೆಂಕಟರವಣಪ್ಪ ಓದಿದ್ದು ಏಳನೇ ಕ್ಲಾಸು. ಗಾಜು ಓದುವುದನ್ನು ಎರಡು ದಿನದಲ್ಲಿ ಕಲಿತ. ಬೆಳಿಗ್ಗೆ ಬಂದವನೇ ಗಾಜಿನ ಮೇಲೆ ನೀರಿನ ಹನಿ ಬಿಟ್ಟು, ನೀಲಿ ಬಿಳಿ ಸೇರುವ ಜಾಗವನ್ನು ಸೊನ್ನೆಯ ಮೇಲೆ ತಂದು ಸಣ್ಣ ತಿರುಪು ಬಿಗಿಯಬೇಕು. ಸಕ್ಕರೆಯಿಲ್ಲದ ನೀರಿಗೆ ಸೊನ್ನೆ, ಅಲ್ಲಿಂದ ಲೆಕ್ಕ. ಪೆಟ್ಟಿಗೆಯ ಜೊತೆ ಒಂದು ಪುಟ್ಟ ಸೀಸೆಯಲ್ಲಿ ಆ ಕೆಲಸಕ್ಕೆಂದೇ ಡಿಸ್ಟಿಲ್ಡ್ ವಾಟರು ಬಂದಿತ್ತು. ತಿಂಗಳಲ್ಲಿ ಖಾಲಿಯಾಯಿತು. ಚಿಕ್ಕಬಳ್ಳಾಪುರದ ಬ್ಯಾಟರಿ ಅಂಗಡಿಯಲ್ಲಿ ಅದು ಸಿಗುತ್ತದೆ, ತರಿಸೋಣ ಎಂದು ಯಾರೋ ಹೇಳಿದರು. ಎಲ್ಲರೂ ನಕ್ಕರು. ತಿನ್ನುವ ಹಣ್ಣು ನೋಡುವ ಗಾಜಿಗೆ ಬ್ಯಾಟರಿ ನೀರು ಹಾಕುತ್ತೀಯೇನೋ ಎಂದು ಮೊದಲು ನಕ್ಕವನು ನಾನೇ.

ವೆಂಕಟರವಣಪ್ಪ ನಗಲಿಲ್ಲ. ಅವನಿಗೆ ನೀರಿನ ವಿಷಯ ಗೊತ್ತಿತ್ತಲ್ಲ. ಬೆಟ್ಟದ ತಪ್ಪಲಿನ ಹೊಸ ಬೋರು ಸಾವಿರದ ನಾನೂರು ಅಡಿ. ಬಂಡೆಯ ಕೆಳಗಿನಿಂದ ಬರುವ ನೀರು, ಎಲೆ ಬಿದ್ದಿಲ್ಲ, ಎಮ್ಮೆ ಇಳಿದಿಲ್ಲ, ಮನುಷ್ಯನ ಕೈ ಮುಟ್ಟಿಲ್ಲ. ಗಾಜಿನ ಲೋಟದಲ್ಲಿ ಹಿಡಿದರೆ ಲೋಟ ಖಾಲಿ ಇದೆಯೇನೋ ಅನ್ನಿಸಬೇಕು, ಅಷ್ಟು ತಿಳಿ. ಅವನು ಪ್ರತಿ ಸೋಮವಾರ ಸ್ನಾನ ಮಾಡಿ ಪಂಪಿನ ಬಾಯಿಂದಲೇ ಒಂದು ಬಾಟಲಿ ಹಿಡಿದು, ಮುಚ್ಚಳ ಬಿಗಿದು, ಮನೆಯಲ್ಲಿ ದೇವರ ಗೂಡಿನಲ್ಲಿ ಇಡುತ್ತಿದ್ದ. ಅದೇ ನೀರಿನಿಂದ ಐದು ವರ್ಷ ಸೊನ್ನೆ ಹಿಡಿದ.

ಆ ಐದು ವರ್ಷದಲ್ಲಿ ಅವನು ಒಂದು ದ್ರಾಕ್ಷಿ ಹಣ್ಣನ್ನು ಬಾಯಿಗೆ ಹಾಕಲಿಲ್ಲ. ಅದು ಮಜ್ಜಿಗೆಯ ಕಟ್ಟು. ತಾತ ಮಜ್ಜಿಗೆ ಮುಟ್ಟಲಿಲ್ಲ, ಮೊಮ್ಮಗ ಹಣ್ಣು ಮುಟ್ಟಲಿಲ್ಲ. ಟೆಂಪೊಗಳು ಬಂದು ನಿಲ್ಲುವ ಸಂಘದ ಯಾರ್ಡಿನಲ್ಲಿ ನಾಲ್ಕೂ ಕಡೆ ಹಣ್ಣಿನ ಕ್ರೇಟುಗಳು, ಜೇನುಹುಳಗಳು, ನಡುವೆ ಇವನು ಬೀಡಿಯೂ ಸೇದದೆ ಕಣ್ಣಿಗೆ ಕೊಳವೆ ಹಿಡಿದು ನಿಂತಿರುತ್ತಿದ್ದ. ದ್ರಾಕ್ಷಿ ಕಟ್ಟಿಕೊಂಡು ಸಾಯುವ ಊರಿನಲ್ಲಿ ದ್ರಾಕ್ಷಿ ತಿನ್ನದವನು ಇವನೊಬ್ಬನೇ ಎಂದು ಕದಿರಮ್ಮ ಆಡಿಕೊಳ್ಳುತ್ತಿದ್ದಳು.

ಅವನಿಗೆ ಒಬ್ಬಳೇ ತಂಗಿ, ಮುನಿಶಾಮಮ್ಮ. ಪಕ್ಕದ ಹಳ್ಳಿಗೇ ಕೊಟ್ಟಿತ್ತು. ಗಂಡ ಟ್ರ್ಯಾಕ್ಟರು ಮಗುಚಿ ಸತ್ತ. ಮಕ್ಕಳಿರಲಿಲ್ಲ. ಜಮೀನು ಮೈದುನ ಗಂಗರಾಜನ ಜೊತೆ ಜಂಟಿ. ಗಂಗರಾಜು ಅದರಲ್ಲಿ ಹಿಪ್ಪುನೇರಳೆ ಹಾಕಿ ರೇಷ್ಮೆ ಮಾಡಬೇಕೆಂದಿದ್ದ. ಇವಳು ಗಂಡನ ಪಾಲಿನ ಒಂದು ಎಕರೆಯಲ್ಲಿ ದ್ರಾಕ್ಷಿ ಹಚ್ಚುತ್ತೇನೆ ಎಂದು ಹಟ ಹಿಡಿದಳು. ಹೆಂಗಸೊಬ್ಬಳು ಚಪ್ಪರ ಎಬ್ಬಿಸುವುದುಂಟೇ ಎಂದು ಅವನು ನಕ್ಕ. ಕೊನೆಗೆ ನಾಲ್ಕು ಜನರ ಮುಂದೆ ಮಾತಾಯಿತು. ತೋಟ ಹಣ್ಣು ಬಿಟ್ಟು, ಸಂಘದ ಯಾರ್ಡಿನಲ್ಲಿ ಒಂದು ಸಲ ಪಾಸಾದರೆ ಚಪ್ಪರ ಅವಳದು, ಗಂಗರಾಜು ಮುಟ್ಟುವುದಿಲ್ಲ. ೨೦೧೯ರ ಸಂಕ್ರಾಂತಿಯೊಳಗೆ ಪಾಸಾಗದಿದ್ದರೆ ಕಡಿದು ನೇರಳೆ ಹಚ್ಚುವುದು.

ಕಲ್ಲುಕಂಬ ನೆಡಿಸಿದಳು, ತಂತಿ ಎಳೆಸಿದಳು. ಬಳ್ಳಿ ಸವರುವುದನ್ನು ಅವಳೇ ಕಲಿತಳು. ಬೆಳಿಗ್ಗೆ ಐದಕ್ಕೆ ಚಪ್ಪರದ ಕೆಳಗೆ ಕತ್ತು ಎತ್ತಿಕೊಂಡು ನಿಂತರೆ ಬಿಸಿಲು ನೆತ್ತಿಗೆ ಬರುವ ತನಕ ಇಳಿಸುತ್ತಿರಲಿಲ್ಲ. ೨೦೧೮ರ ಏಪ್ರಿಲ್‌ನಲ್ಲಿ ಮೊದಲ ಫಸಲು ಬಂತು.

ಅವತ್ತು ಟೆಂಪೊದಲ್ಲಿ ಡ್ರೈವರಿನ ಪಕ್ಕ ಕೂತು ಬಂದಳು. ಹೊಸ ಸೀರೆ ಉಟ್ಟಿದ್ದಳು. ಗಂಗರಾಜು ಬೈಕಿನಲ್ಲಿ ಹಿಂದೆಯೇ ಬಂದು ಬೇವಿನ ಮರದ ಕೆಳಗೆ ನಿಂತ. ಕಟ್ಟಿನ ಪ್ರಕಾರ ವೆಂಕಟರವಣಪ್ಪ ಅವಳ ಟೆಂಪೊವನ್ನು ಎಲ್ಲರದೂ ಆದ ಮೇಲೆ ಕೊನೆಗೆ ಕರೆದ. ಮೂರು ಕ್ರೇಟಿನಿಂದ ಹಣ್ಣು ತೆಗೆದು ಹಿಂಡಿ ಓದಿದ. ಗಾಜು ಒರೆಸಿ ಮತ್ತೆ ಓದಿದ. ಬೇರೆ ಮೂರು ಕ್ರೇಟಿನಿಂದ ತೆಗೆದು ಇನ್ನೊಮ್ಮೆ ಓದಿದ. ಮೂರು ಸಲವೂ ಹದಿನಾಲ್ಕು ಪಾಯಿಂಟ್ ಎಂಟು. ಹದಿನೈದಕ್ಕೆ ಒಂದು ಗೆರೆ ಕಡಿಮೆ.

ಅವಳು ಜಗಳವಾಡಲಿಲ್ಲ. ಗೊಂಚಲಿನಿಂದ ಒಂದು ಹಣ್ಣು ಕಿತ್ತು, ಸೆರಗಿನಲ್ಲಿ ಒರೆಸಿ, ಅವನ ಬಾಯಿಯ ಹತ್ತಿರ ಹಿಡಿದಳು.

"ಒಂದು ಬಾಯಿಗೆ ಹಾಕ್ಕೊಂಡು ನೋಡಣ್ಣ."

ಅವನು ಮುಖ ಪಕ್ಕಕ್ಕೆ ತಿರುಗಿಸಿದ. "ಇಲ್ಲಿ ನಾನು ಹಣ್ಣು ಮುಟ್ಟಲ್ಲ ಕಣಮ್ಮ."

"ನಾನು ಯಾರೋ ಆಗ್ಬಿಟ್ನಾ?"

"ಇಲ್ಲಿ ಎಲ್ರೂ ಯಾರೋನೇ."

ಅವಳು ಹಣ್ಣನ್ನು ಮೇಜಿನ ಮೇಲೆ ಇಟ್ಟು ಟೆಂಪೊ ಹತ್ತಿದಳು. ಚಿಕ್ಕಬಳ್ಳಾಪುರದ ರಸ್ತೆಬದಿಯ ಗಾಡಿಯವರಿಗೆ ಆ ಹಣ್ಣು ಹೋಯಿತು. ಗಂಗರಾಜನ ತಾಯಿಯ ಕಡೆ ಬಾಗೇಪಲ್ಲಿ, ಅವನು ತೆಲುಗಿನಲ್ಲಿ "ಅಯಿಪೋಯಿಂದಿ ವದಿನಾ" ಅಂದ. ಮುಗೀತು ಅತ್ತಿಗೆ ಎಂದು. ಅವನ ಮಾತಿನಲ್ಲಿ ಖುಷಿಯೇನೂ ಇರಲಿಲ್ಲ, ಅದನ್ನು ಹೇಳಬೇಕು.

ಆ ಸಂಗತಿಯನ್ನು ನಾನು ಎಲ್ಲ ಕಡೆ ಹೇಳಿಕೊಂಡು ತಿರುಗಿದೆ. ಗೌರಿಬಿದನೂರಿನ ಸಭೆಯಲ್ಲಿ ಹೇಳಿದೆ, ಚಿಂತಾಮಣಿಯ ಸಮಾವೇಶದಲ್ಲಿ ಮೈಕು ಹಿಡಿದು ಹೇಳಿದೆ: ಒಡಹುಟ್ಟಿದ ತಂಗಿಯ ಹಣ್ಣನ್ನು ಒಂದು ಗೆರೆಗೆ ವಾಪಸ್ಸು ಕಳಿಸಿದ ಮನುಷ್ಯ ನಮ್ಮ ಸಂಘದಲ್ಲಿದ್ದಾನೆ, ನಿಮ್ಮ ಕಂಪನಿಯಲ್ಲಿ ಅಂಥ ಒಬ್ಬನನ್ನು ತೋರಿಸಿ. ಚಪ್ಪಾಳೆ ಬಿತ್ತು. ಚಿಂತಾಮಣಿಯಲ್ಲಿ ಅವನನ್ನೂ ವೇದಿಕೆಯ ಮೇಲೆ ಕೂರಿಸಿದ್ದೆ. ಅವನು ತನ್ನ ಚಪ್ಪಲಿಯನ್ನೇ ನೋಡುತ್ತ ಕೂತಿದ್ದ. ಸಂಕೋಚ ಎಂದುಕೊಂಡೆ.

ಆ ವರ್ಷ ಹಿರಿಯರ ಹಬ್ಬಕ್ಕೆ ಮುನಿಶಾಮಮ್ಮ ಬರಲಿಲ್ಲ. ಪಿತೃಪಕ್ಷದ ಅಮಾವಾಸ್ಯೆಯ ದಿನ ಸತ್ತವರ ಹೆಸರಿನಲ್ಲಿ ಬಾಳೆ ಎಲೆಯ ಮೇಲೆ ಅವರಿಗೆ ಇಷ್ಟವಾದದ್ದನ್ನೆಲ್ಲ ಬಡಿಸಿ ಎಡೆ ಇಡುವುದು ನಮ್ಮ ಪದ್ಧತಿ. ಆ ಮನೆಯಲ್ಲಿ ಅವ್ವನ ಎಡೆಯನ್ನು ಮಗಳೇ ಇಡುತ್ತಿದ್ದಳು. ಕದಿರಮ್ಮ ಇಬ್ಬರನ್ನು ಕಳಿಸಿ ಬರಹೇಳಿದಳು. ಕೆಲಸ ಇದೆ ಎಂದು ಮುನಿಶಾಮಮ್ಮ ಹೇಳಿ ಕಳಿಸಿದಳಂತೆ. ಮಧ್ಯಾಹ್ನ ಮೂರರ ತನಕ ಕಾದು ಎಡೆ ಇಟ್ಟರು. ಅಷ್ಟರಲ್ಲಿ ಅನ್ನ ತಣ್ಣಗಾಗಿತ್ತು.

ಅದೇ ಮಳೆಗಾಲ ಎರಡನೆಯ ಫಸಲಿಗೆ ಮಳೆ ಹಿಡಿದು ಬೂಜು ಬಿತ್ತು. ಯಾರ್ಡಿಗೆ ತರುವಂಥದ್ದು ಏನೂ ಉಳಿಯಲಿಲ್ಲ. ಸಂಕ್ರಾಂತಿಗೆ ಎರಡು ತಿಂಗಳಿತ್ತು.

ನವೆಂಬರಿನಲ್ಲಿ ತೋಟಗಾರಿಕೆ ಓದುವ ಹುಡುಗಿ ಹರಿತಾ ತರಬೇತಿ ಕೊಡಲು ಬಂದಳು. ಶೆಡ್ಡಿನಲ್ಲಿ ಮೂವತ್ತು ಜನ ಕೂತಿದ್ದೆವು. ವೆಂಕಟರವಣಪ್ಪ ಗಾಜು ತೋರಿಸಿದ. ಅವಳು ಅದರ ಸ್ವಚ್ಛತೆ ನೋಡಿ ಹೊಗಳಿದಳು, ಸೊನ್ನೆ ಯಾವ ನೀರಿನಲ್ಲಿ ಹಿಡಿಯುತ್ತೀರಿ ಎಂದು ಕೇಳಿದಳು. ಅವನು ಹೆಮ್ಮೆಯಿಂದ ಬಾಟಲಿ ಎತ್ತಿ ತೋರಿಸಿದ. ಅವಳು ಸುಮ್ಮನೆ ತನ್ನ ಬ್ಯಾಗಿನಿಂದ ಒಂದು ಸೀಸೆ ತೆಗೆದು, ಅದರ ಹನಿಯಿಂದ ಸೊನ್ನೆ ಹಿಡಿದು, ಆಮೇಲೆ ಅವನ ಬಾಟಲಿಯ ನೀರನ್ನು ಗಾಜಿನ ಮೇಲೆ ಬಿಟ್ಟು ನೋಡಿದಳು. ಅವನ ಕೈಗೂ ಕೊಟ್ಟಳು.

"ನಿಮ್ಮ ನೀರಿಗೇ ಒಂದು ಗೆರೆ ಇದೆ ಅಂಕಲ್," ಅಂದಳು.

ಬಂಡೆಯ ಕೆಳಗೆ ಎಷ್ಟು ಆಳಕ್ಕೆ ಹೋಗುತ್ತೇವೋ ಅಷ್ಟು ಉಪ್ಪು ಕರಗಿಕೊಂಡು ಬರುತ್ತದೆ ಎಂದು ಅವಳು ಬೋರ್ಡಿನ ಮೇಲೆ ಬರೆದು ವಿವರಿಸಿದಳು. ತಿಳಿಯಾಗಿರುವುದೂ ಏನೂ ಕರಗದೆ ಇರುವುದೂ ಬೇರೆ ಬೇರೆ. ಒಂದು ಗೆರೆ ಕರಗಿರುವ ನೀರನ್ನು ಸೊನ್ನೆ ಎಂದುಕೊಂಡರೆ ಆಮೇಲೆ ಓದುವುದೆಲ್ಲ ಒಂದು ಗೆರೆ ಕಡಿಮೆ ಬರುತ್ತದೆ. ಅದಕ್ಕೇ ಡಿಸ್ಟಿಲ್ಡ್ ವಾಟರು, ಬ್ಯಾಟರಿ ಅಂಗಡಿಯಲ್ಲಿ ಸಿಗುತ್ತೆ, ಅಂದಳು. ಯಾರೂ ನಗಲಿಲ್ಲ. ಐದು ವರ್ಷ ಕಂಪನಿಯವರು ತಕರಾರೆತ್ತದೆ ನಮ್ಮ ಓದನ್ನು ಒಪ್ಪಿಕೊಂಡಿದ್ದು ಯಾಕೆ ಎಂಬುದು ಆಗ ತಲೆಗೆ ಹೋಯಿತು. ಅವರ ಲ್ಯಾಬಿನಲ್ಲಿ ನಮ್ಮ ಹಣ್ಣು ಒಂದು ಗೆರೆ ಹೆಚ್ಚಿಗೇ ಬರುತ್ತಿತ್ತು. ಹೇಳಲು ಅವರಿಗೇನು ದರ್ದು?

ಸಂಜೆ ವೆಂಕಟರವಣಪ್ಪ ನೋಟ್‌ಬುಕ್ಕು ಹಿಡಿದು ನನ್ನ ಮನೆಗೆ ಬಂದ. ಐದು ವರ್ಷದಲ್ಲಿ ಹದಿನಾಲ್ಕು ಎಂಟಕ್ಕೆ ವಾಪಸ್ಸಾದದ್ದು ಹನ್ನೊಂದು ಟೆಂಪೊ. ಹತ್ತು ಜನಕ್ಕೆ ಮುಂದಿನ ಫಸಲು ಪಾಸಾಗಿತ್ತು, ಅವರು ಮರೆತೂ ಬಿಟ್ಟಿದ್ದರು. ಹನ್ನೊಂದನೆಯದು ಅವನ ತಂಗಿಯದು. ಬೆಳಿಗ್ಗೆಯೇ ಗಂಗರಾಜನ ಹತ್ತಿರ ಹೋಗಿ, ನಾಲ್ಕು ಜನರನ್ನು ಸೇರಿಸಿ ಹೇಳಿಬಿಡುತ್ತೇನೆ ಅಂದ.

ನಾನು ಬೇಡ ಅಂದೆ. ಫೆಬ್ರವರಿಯಲ್ಲಿ ಒಪ್ಪಂದ ಹೊಸದಾಗಿ ಬರೆಯುವುದಿತ್ತು. ಸಂಘದ ಗಾಜು ಐದು ವರ್ಷ ತಪ್ಪು ಓದಿದೆ ಎಂದು ಕಂಪನಿಯ ಕಿವಿಗೆ ಬಿದ್ದರೆ ಸಾಕು, ನಿಮಗೆ ಓದಲು ಬರುವುದಿಲ್ಲ ಎಂದು ಮತ್ತೆ ತಮ್ಮ ಕೊಳವೆ ತರುತ್ತಾರೆ. ಶೆಡ್ಡಿನಲ್ಲಿದ್ದ ಮೂವತ್ತು ಜನರಿಗೂ ಬಾಯಿ ಮುಚ್ಚಿಕೊಂಡಿರಿ ಎಂದು ಆಗಲೇ ಹೇಳಿ ಬಂದಿದ್ದೆ.

"ಸಂಕ್ರಾಂತಿಗೆ ಗಂಗರಾಜು ಕಡೀತಾನೆ ಕಣಣ್ಣ," ಅಂದ.

"ಒಂದು ಚಪ್ಪರಕ್ಕೆ ನಲವತ್ತು ಚಪ್ಪರ ಬಲಿ ಕೊಡ್ತೀಯಾ? ನೆಂಟರದ್ದು ಕೊನೆಗೆ ಅಂತ ನೀನೇ ತಾನೇ ಹೇಳೋದು," ಅಂದೆ.

ಅವನಿಗೆ ಎಲ್ಲಿ ಹೊಡೆದರೆ ಬೀಳುತ್ತಾನೆ ಎಂದು ಗೊತ್ತಿದ್ದೇ ಹೊಡೆದೆ. ಅವನು ನೋಟ್‌ಬುಕ್ಕು ಮಡಚಿ ಕಂಕುಳಲ್ಲಿ ಇಟ್ಟುಕೊಂಡು ಎದ್ದು ಹೋದ. ಎರಡು ತಿಂಗಳು ವಾಲ್ವು ತಿರುಗಿಸಿದ, ಯಾರ ಜೊತೆಗೂ ಮಾತಾಡಲಿಲ್ಲ. ಕದಿರಮ್ಮ ನನ್ನ ಹತ್ತಿರ ಬಂದು ಏನು ಮಾಡಿಟ್ಟೆಯಣ್ಣ ನನ್ನ ಗಂಡನಿಗೆ ಎಂದು ಕೇಳಿದಳು. ಹುಷಾರಿಲ್ಲವೇನೋ ಎಂದು ಹಾರಿಸಿದೆ.

ಸಂಕ್ರಾಂತಿಯ ಮಾರನೆಯ ದಿನ ಗಂಗರಾಜು ಮೋಟಾರು ಗರಗಸ ತಂದ. ಮಾತಿನ ಪ್ರಕಾರ ನಡೆದುಕೊಂಡ, ಅವನ ಮೇಲೆ ತಪ್ಪು ಹೊರಿಸಲಾರೆ. ಸತ್ಯ ಹೇಳಿದ್ದರೆ ಅವನು ನಿಲ್ಲಿಸುತ್ತಿದ್ದನೋ ಇಲ್ಲವೋ, ಅದು ನನಗೆ ಗೊತ್ತಿಲ್ಲ. ಗೊತ್ತಾಗುವ ದಾರಿಯನ್ನು ನಾನೇ ಮುಚ್ಚಿದ್ದೆ. ದ್ರಾಕ್ಷಿಯ ಬೊಡ್ಡೆ ಮಣಿಕಟ್ಟಿನಷ್ಟು ದಪ್ಪ. ಒಂದೊಂದಕ್ಕೆ ಅರ್ಧ ನಿಮಿಷ ಸಾಕು. ಮೇಲಿನ ಬಳ್ಳಿ ತಂತಿಗೆ ಹಾಗೇ ತೂಗಿಕೊಂಡಿತ್ತು, ಎಲೆ ಬಾಡಲು ಎರಡು ದಿನ ಹಿಡಿಯಿತು. ಗರಗಸದ ಸದ್ದು ನಮ್ಮೂರಿಗೆ ಕೇಳುತ್ತಿತ್ತು. ವೆಂಕಟರವಣಪ್ಪ ವಾಲ್ವಿನ ಗುಂಡಿಯಲ್ಲಿ ಇಳಿದಿದ್ದ. ಸದ್ದು ನಿಲ್ಲುವ ತನಕ ಮೇಲೆ ಬರಲಿಲ್ಲ. ಅವತ್ತು ಎರಡು ಬೀದಿಗೆ ನೀರು ಬರಲಿಲ್ಲ. ಅವನ ಸರ್ವಿಸಿನಲ್ಲಿ ಅದೊಂದೇ ದಿನ.

ಫೆಬ್ರವರಿಯಲ್ಲಿ ಒಪ್ಪಂದವಾಯಿತು. ನಾನೇ ಓದಿ ಹೇಳಿದೆ, ಜೈಕಾರ ಹಾಕಿದರು. ಮುನಿಶಾಮಮ್ಮ ಆ ಹೊತ್ತಿಗೆ ಶಿಡ್ಲಘಟ್ಟಕ್ಕೆ ಹೋಗಿ ರೇಷ್ಮೆ ನೂಲು ತೆಗೆಯುವ ಒಂದು ಘಟಕದಲ್ಲಿ ಕೂಲಿಗೆ ಸೇರಿದ್ದಳು. ಮಾರ್ಚಿನಲ್ಲಿ ವೆಂಕಟರವಣಪ್ಪ ಬಂದು, ಈಗ ಹೇಳಬಹುದಾ ಎಂದು ಕೇಳಿದ. ಒಬ್ಬನೇ ಹೋಗಲು ಆಗುವುದಿಲ್ಲ, ನೀನೂ ಬಾ ಅಂದ. ಬಸ್ಸಿನಲ್ಲಿ ಹೋದೆವು. ಚಿಕ್ಕಬಳ್ಳಾಪುರ ದಾಟುವ ತನಕ ಅವನು ಕಿಟಕಿಯ ಸರಳು ಹಿಡಿದಿದ್ದ ಕೈ ತೆಗೆಯಲಿಲ್ಲ.

ತಗಡಿನ ಶೆಡ್ಡು, ಒಳಗೆಲ್ಲ ಹಬೆ, ಬೇಯಿಸಿದ ಹುಳದ ವಾಸನೆ. ಬಿಸಿ ನೀರಿನ ತೊಟ್ಟಿಯಲ್ಲಿ ಗೂಡುಗಳು ಕುಣಿಯುತ್ತಿದ್ದವು. ಅವಳು ಅದರೊಳಗೆ ಬೆರಳು ಅದ್ದಿ ಎಳೆ ಹುಡುಕುತ್ತಿದ್ದಳು. ಬೆರಳ ತುದಿಗಳು ಬೆಳ್ಳಗೆ ನೆನೆದು ಸುಕ್ಕುಗಟ್ಟಿದ್ದವು. ನಮ್ಮನ್ನು ನೋಡಿ ಕೂತುಕೊಳ್ಳಿ ಎಂದು ಗದ್ದದಿಂದ ಸ್ಟೂಲು ತೋರಿಸಿದಳು, ಕೈ ತೆಗೆಯಲಿಲ್ಲ. ವೆಂಕಟರವಣಪ್ಪ ಕೂರಲಿಲ್ಲ.

"ನಿನ್ನ ಹಣ್ಣು ಪಾಸಾಗಿತ್ತು ಕಣಮ್ಮ. ಹದಿನೈದಿತ್ತು," ಅಂದ.

"ಹದಿನೈದೋ ಹದಿನಾರೋ ನಂಗೊತ್ತಿಲ್ಲ. ಸಿಹಿ ಇತ್ತು. ಅದು ಗೊತ್ತಿತ್ತು."

ಅವನು ನೀರಿನ ವಿಷಯ, ಸೊನ್ನೆಯ ವಿಷಯ, ಹರಿತಾ ಬಂದದ್ದು ಎಲ್ಲ ಹೇಳಿದ. ಪಾಠ ಒಪ್ಪಿಸುವವನ ಹಾಗೆ ಒಂದೂ ಬಿಡದೆ ಹೇಳಿದ. ಅವಳು ಕೆಲಸ ಮಾಡುತ್ತಲೇ ಕೇಳಿದಳು. ಯಾವಾಗ ತಿಳಿಯಿತು ಎಂದು ಕೇಳಿದಳು. ನವೆಂಬರಿನಲ್ಲಿ ಅಂದ. ಆಗ ಬೆರಳು ನಿಂತವು. ಅವಳು ನೋಡಿದ್ದು ನನ್ನನ್ನು. ನಾನೇ ತಡೆದೆ ಎಂದು ಹೇಳಿದೆ. ಹೇಳದೆ ಇನ್ನೇನು ಮಾಡಲಿ.

"ನೀನು ತಡೆದಿದ್ದು ಸರಿ ಬಿಡಣ್ಣ. ನಿಂಗೆ ನಲವತ್ತು ಮನೆ. ಇವನಿಗೆ ನಾನೊಬ್ಳೇ ತಂಗಿ," ಅಂದಳು. ಆಮೇಲೆ ಅವನ ಕಡೆ ತಿರುಗಿದಳು. "ಗಾಜು ತಪ್ಪು ಹೇಳ್ತು ಅಂತ ನಾನು ಮುನಿಸ್ಕೊಳ್ಳಲಿಲ್ಲ. ಗಾಜಿಗೇನು ಗೊತ್ತು? ಒಂದು ಹಣ್ಣು ಬಾಯಿಗೆ ಹಾಕ್ಕೋ ಅಂದೆ. ಹಾಕ್ಕೊಂಡು, ಸಿಹಿ ಐತೆ ಕಣೆ, ಆದ್ರೆ ಗಾಜು ಒಪ್ಪಲ್ಲ ಅಂದಿದ್ರೆ, ಅವತ್ತು ಸಾಯಂಕಾಲಾನೇ ಬಂದು ನಿಮ್ಮನೇಲಿ ಊಟ ಮಾಡ್ತಿದ್ದೆ."

"ಈಗ ತಿಂತೀನಿ ಕಣಮ್ಮ."

"ಈಗೆಲ್ಲೈತೆ?"

ಅಷ್ಟೇ. ಸೂಪರ್‌ವೈಸರು ಆಚೆಯಿಂದ ಕೂಗಿದ, ಅವಳು ಎಳೆ ಹಿಡಿದುಕೊಂಡಳು. ನಾವು ಬಸ್‌ಸ್ಟ್ಯಾಂಡಿಗೆ ನಡೆದೆವು. ಅಲ್ಲೊಬ್ಬಳು ಗಾಡಿಯಲ್ಲಿ ದ್ರಾಕ್ಷಿ ಮಾರುತ್ತಿದ್ದಳು. ವೆಂಕಟರವಣಪ್ಪ ಗಾಡಿಯ ಮುಂದೆ ಸ್ವಲ್ಪ ಹೊತ್ತು ನಿಂತ. ತೆಗೆದುಕೊಳ್ಳುತ್ತೀಯಾ ಎಂದು ಕೇಳಿದೆ. ಇದು ಅವಳದಲ್ಲವಲ್ಲ ಎಂದು ಬಸ್ಸು ಹತ್ತಿದ.

ಮಾರನೆಯ ದಿನ ಗಾಜನ್ನೂ ಬಾಟಲಿಯನ್ನೂ ನೋಟ್‌ಬುಕ್ಕನ್ನೂ ನನ್ನ ಮೇಜಿನ ಮೇಲೆ ತಂದಿಟ್ಟ. ಬೇರೆಯವರು ಓದತೊಡಗಿದರು. ಎರಡು ವರ್ಷದ ನಂತರ ಕಂಪನಿಯವರು ಗುಂಡಿ ಒತ್ತಿದರೆ ಅಂಕಿ ಬರುವ ಮೆಷಿನ್ನು ತಂದರು, ಒಪ್ಪಂದ ಹರಿದು ಹೋಯಿತು. ನಲವತ್ತು ಚಪ್ಪರ ಉಳಿಸಲು ನಾನು ಮುಚ್ಚಿಟ್ಟದ್ದರಿಂದ ಎರಡು ವರ್ಷ ಸಿಕ್ಕಿತು. ಅದಕ್ಕಿಂತ ಹೆಚ್ಚು ಏನೂ ಸಿಗಲಿಲ್ಲ. ಆ ಮೆಷಿನ್ನಿಗೆ ಎದುರು ನಿಲ್ಲಲು ನಮ್ಮಲ್ಲಿ ಒಬ್ಬರೂ ಬಾಯಿ ತೆರೆಯಲಿಲ್ಲ. ಎಲ್ಲರಿಗೂ ಬೋರಿನ ನೀರು ನೆನಪಿತ್ತು.

ವೆಂಕಟರವಣಪ್ಪ ವಾಲ್ವು ತಿರುಗಿಸುತ್ತ ಉಳಿದ. ಆ ಕಟ್ಟು ಪಾಲಿಸುವ ಕಾರಣವೇ ಈಗ ಇರಲಿಲ್ಲ, ಆದರೂ ದ್ರಾಕ್ಷಿ ತಿನ್ನಲಿಲ್ಲ. ನಾನೊಮ್ಮೆ ಗೊಂಚಲು ಕೊಡಲು ಹೋದರೆ ಕೈ ಮುಗಿದು ನಡೆದುಬಿಟ್ಟ. ಪ್ರತಿ ವರ್ಷ ಹಿರಿಯರ ಹಬ್ಬದ ದಿನ ಕದಿರಮ್ಮ ಎಲ್ಲ ಅಡುಗೆ ಮುಗಿಸಿ ಎಲೆ ಹಾಸಿಟ್ಟರೂ ಅವನು ಎಡೆ ಇಡಲು ಬಿಡುತ್ತಿರಲಿಲ್ಲ. ಶಿಡ್ಲಘಟ್ಟದ ಕಡೆಯಿಂದ ಎರಡೂವರೆಗೆ ಒಂದು ಬಸ್ಸು ಬರುತ್ತದೆ. ಅದು ಬಂದು, ನಿಂತು, ಹೋಗಬೇಕು. ಆಮೇಲೆ ಅವ್ವನ ಎಡೆಯನ್ನು ತಾನೇ ಇಡುತ್ತಿದ್ದ. ಆರು ವರ್ಷ ಹಾಗೆ ಕಾದ ಎಂದು ಬರೆಯಬೇಕೆನಿಸುತ್ತದೆ, ಆದರೆ ಐದೇ ವರ್ಷ. ಆರನೆಯದಕ್ಕೆ ಅವನಿರಲಿಲ್ಲ.

ಕಳೆದ ವರ್ಷ ಆಗಸ್ಟಿನಲ್ಲಿ ಡೆಂಗ್ಯೂ ಜ್ವರ. ಊರಿಗೆಲ್ಲ ಟ್ಯಾಂಕಿನ ಮುಚ್ಚಳ ಹಾಕಿ ಎಂದು ಹೇಳಿಕೊಂಡು ತಿರುಗಿದವನಿಗೇ ಬಂತು. ಐದನೆಯ ದಿನ ಹೋದ. ಮುನಿಶಾಮಮ್ಮ ಮಣ್ಣಿಗೆ ಬಂದಳು. ಒಂದು ಹಿಡಿ ಮಣ್ಣು ಹಾಕಿದಳು. ಮನೆಯೊಳಗೆ ಕಾಲಿಡಲಿಲ್ಲ, ನೀರೂ ಕುಡಿಯಲಿಲ್ಲ.

ಈ ವರ್ಷ ಅವನಿಗೆ ಮೊದಲ ಎಡೆ. ನನ್ನನ್ನೂ ಊಟಕ್ಕೆ ಕರೆದಿದ್ದರು. ಹನ್ನೊಂದು ಗಂಟೆಯ ಬಸ್ಸಿಗೆ, ಯಾರೂ ಕರೆಯದೆ, ಮುನಿಶಾಮಮ್ಮ ಬಂದಳು. ಕೂದಲು ಪೂರ್ತಿ ನೆರೆತಿತ್ತು. ಕೈಯಲ್ಲಿ ಒಂದು ಬಟ್ಟೆಯ ಚೀಲ. ಕದಿರಮ್ಮ ಬಾಗಿಲಲ್ಲಿ ನಿಂತು ನೋಡಿದಳು, ಬೈಯಲು ಬಾಯಿ ತೆರೆದಳು, ಬೈಯಲಿಲ್ಲ. ಪಕ್ಕಕ್ಕೆ ಸರಿದಳು. ಮುನಿಶಾಮಮ್ಮ ಚೀಲದಿಂದ ಎರಡು ಗೊಂಚಲು ನೀಲಿ ದ್ರಾಕ್ಷಿ ತೆಗೆದು ಬೀದಿಯ ನಲ್ಲಿಯಲ್ಲಿ ತೊಳೆದಳು. ಮೊದಲು ಅವ್ವನ ಎಲೆಗೆ ಅನ್ನ, ಸಾರು, ಕಜ್ಜಾಯ ಇಟ್ಟಳು. ಆಮೇಲೆ ಅಣ್ಣನ ಎಲೆ. ಕದಿರಮ್ಮ ಅವನಿಗೆ ಇಷ್ಟವಾದದ್ದನ್ನೆಲ್ಲ ಬಡಿಸಿದ್ದಳು. ಇವಳು ಅದರ ತುದಿಯಲ್ಲಿ ದ್ರಾಕ್ಷಿ ಇಟ್ಟಳು.

ಸುಮ್ಮನಿರಲಾರದೆ ನಾನು, ಸಿಹಿ ಇದೆಯೇನಮ್ಮ ಎಂದು ಕೇಳಿದೆ.

"ಎಡೆಗಿಡೋದನ್ನ ಯಾರಣ್ಣ ತಿಂದು ನೋಡ್ತಾರೆ," ಅಂದಳು.

ಸತ್ತವರು ಬಂದು ತಿನ್ನಲಿ ಎಂದು ಬಾಗಿಲು ಮುಂದೆ ಮಾಡಿ ನಾವೆಲ್ಲ ಜಗಲಿಯ ಮೇಲೆ ಕೂತೆವು. ಸ್ವಲ್ಪ ಹೊತ್ತಾದ ಮೇಲೆ ಕದಿರಮ್ಮ ಬಾಗಿಲು ತೆಗೆದಳು. ಎಲ್ಲ ಇಟ್ಟ ಹಾಗೇ ಇತ್ತು. ಮುನಿಶಾಮಮ್ಮ ಗೋಡೆಗೆ ಒರಗಿ ಊಟಕ್ಕೆ ಕೂತಳು. ಏಳು ವರ್ಷದ ನಂತರ ಆ ಮನೆಯಲ್ಲಿ ಉಂಡಳು, ಎರಡು ಸಲ ಅನ್ನ ಹಾಕಿಸಿಕೊಂಡಳು. ಹಣ್ಣು ಮುಟ್ಟಲಿಲ್ಲ.

ಎಡೆಯ ಮೇಲಿನ ದ್ರಾಕ್ಷಿಯನ್ನು ಕದಿರಮ್ಮ ಬೀದಿಗೆಲ್ಲ ಹಂಚಿದಳು. ನನ್ನ ಕೈಗೂ ನಾಲ್ಕು ಬಿತ್ತು. ಹುಳಿ. ಮಳೆಗಾಲದ ಹಣ್ಣು ಹಾಗೇ ಇರುತ್ತದೆ, ಹನ್ನೆರಡರ ಮೇಲೆ ಇರಲಿಕ್ಕಿಲ್ಲ. ಮುನಿಶಾಮಮ್ಮನಿಗೆ ಹೇಳಲಿಲ್ಲ. ಎರಡೂವರೆಯ ಬಸ್ಸು ಊರ ಕೊನೆಯಲ್ಲಿ ತಿರುಗಿಕೊಂಡು ಬರುವ ಹೊತ್ತಿಗೆ ಅವಳು ಖಾಲಿ ಚೀಲ ಮಡಚಿಕೊಂಡು ಹೊರಟು ನಿಂತಿದ್ದಳು.